ವೃಷಭ ಲಗ್ನ, ಲಗ್ನದಲ್ಲೇ ಕುಜ

ಕೇಳುಗರೆ, ನಮಸ್ಕಾರ.

"ನನ್ನದು ವೃಷಭ ಲಗ್ನ, ಲಗ್ನದಲ್ಲೇ ಕುಜ." ನಮ್ಮೂರಿನ ಜಗಲಿಯಲ್ಲಿ ಯಾರಾದರೂ ಹೀಗೆಂದರೆ ಯಾರೂ ಬೆರಗಾಗುವುದಿಲ್ಲ. ಆದರೆ ಇದು ಹದಿನಾಲ್ಕನೇ ಶತಮಾನದ ಇಂಗ್ಲಿಷ್ ಕಾವ್ಯವೊಂದರಲ್ಲಿ ಬರುವ ಮಾತು. ಆಡುವವಳು ಅಲಿಸನ್, ಬಾತ್ ಪಟ್ಟಣದ ಮಗ್ಗುಲಿನವಳು. ಬಟ್ಟೆ ನೇಯುವುದರಲ್ಲಿ ಪಳಗಿದ ಕೈ, ಐದು ಮದುವೆ, ಒಂದು ಕಿವಿ ಮಂದ. ಜೆಫ್ರಿ ಚಾಸರ್ ಬರೆದ 'ಕ್ಯಾಂಟರ್ಬರಿ ಕಥೆಗಳು' ಕಾವ್ಯದಲ್ಲಿ ಆಕೆ ತಾನು ಎಂಥವಳು ಎಂದು ಜೊತೆಯ ಯಾತ್ರಿಕರಿಗೆ ಹೇಳಹೊರಟಾಗ ತನ್ನ ಜಾತಕವನ್ನೇ ಬಿಚ್ಚುತ್ತಾಳೆ.

ಈ ಜಾತಕ ಬರೆದ ಕವಿಗೆ ಲಗ್ನ, ಅಂದರೆ ಹುಟ್ಟಿದ ಹೊತ್ತಿಗೆ ಪೂರ್ವದಲ್ಲಿ ಮೂಡುತ್ತಿರುವ ರಾಶಿ, ಯಾವುದೆಂದು ಹಿಡಿಯುವ ಕೆಲಸ ಕೈಯಾರೆ ಗೊತ್ತಿತ್ತು. ಚಾಸರ್ ತನ್ನ ಹತ್ತು ವರ್ಷದ ಮಗ ಲೂಯಿಸ್‌ಗಾಗಿ ಆಸ್ಟ್ರೋಲೇಬ್ ಎಂಬ ಉಪಕರಣದ ಕೈಪಿಡಿಯನ್ನು ಇಂಗ್ಲಿಷಿನಲ್ಲೇ ಬರೆದ. ಮಗನಿಗೆ ಲ್ಯಾಟಿನ್ ಇನ್ನೂ ಅಷ್ಟಾಗಿ ಬಾರದು ಎಂಬುದೇ ಕಾರಣ. ಸಂಸ್ಕೃತದಲ್ಲಿ ಇದೇ ಉಪಕರಣಕ್ಕೆ ಯಂತ್ರರಾಜ ಎಂದು ಹೆಸರು. ಮಹೇಂದ್ರ ಸೂರಿ 1370ರಲ್ಲಿ ಇದೇ ಹೆಸರಿನ ಗ್ರಂಥ ಬರೆದಿದ್ದ.

ಹಿತ್ತಾಳೆಯ ದಪ್ಪ ತಟ್ಟೆಯೊಂದನ್ನು ಊಹಿಸಿಕೊಳ್ಳಿ. ಅದರ ಹೆಸರು 'ತಾಯಿ'. ತಾಯಿಯ ಮಡಿಲಿನ ಗುಳಿಯಲ್ಲಿ ತೆಳು ಫಲಕಗಳು ಕೂರುತ್ತವೆ. ಒಂದೊಂದು ಫಲಕವೂ ಒಂದೊಂದು ಅಕ್ಷಾಂಶಕ್ಕೆ ಕೊರೆದದ್ದು. ಅದರ ಮೇಲೆ ಆ ಊರಿನ ಕ್ಷಿತಿಜ, ಉನ್ನತಾಂಶದ, ಅಂದರೆ ಕ್ಷಿತಿಜದಿಂದ ಎಷ್ಟು ಎತ್ತರ ಎಂಬುದರ, ವೃತ್ತಗಳು. ಫಲಕದ ಮೇಲೆ ತಿರುಗುವ ಜಾಲರಿ. ಅದರಲ್ಲಿ ಹನ್ನೆರಡು ರಾಶಿಗಳ ಪಟ್ಟಿ, ತಾರೆಗಳನ್ನು ತೋರಿಸುವ ಮೊನೆಗಳು. ಎಲ್ಲವನ್ನೂ ನಡುವಿನ ಒಂದು ಗೂಟ ಹಿಡಿದಿಡುತ್ತದೆ. ಗೂಟ ಜಾರದಂತೆ ಸಿಕ್ಕಿಸುವ ಬೆಣೆಗೆ 'ಕುದುರೆ' ಎನ್ನುತ್ತಾರೆ.

1391ರ ಮಾರ್ಚ್ 12ರ ಬೆಳಗಿನ ಲೆಕ್ಕವೊಂದನ್ನು ಚಾಸರ್ ಮಾಡಿ ತೋರಿಸಿದ್ದಾನೆ. ಉಂಗುರವನ್ನು ಬಲಗೈ ಹೆಬ್ಬೆರಳಿಗೆ ತೂಗುಹಾಕಿ, ಎಡಮಗ್ಗುಲನ್ನು ಸೂರ್ಯನತ್ತ ತಿರುಗಿಸಬೇಕು. ಹಿಂಬದಿಯ ಪಟ್ಟಿಯ ಎರಡು ರಂಧ್ರಗಳಲ್ಲೂ ಬಿಸಿಲುಕೋಲು ತೂರಿಬರುವವರೆಗೆ ಪಟ್ಟಿಯನ್ನು ಏರಿಸಿ ಇಳಿಸಬೇಕು. ಅಂದು ಸಿಕ್ಕ ಉನ್ನತಾಂಶ 25 ಡಿಗ್ರಿ 30 ಕಲೆ (ಅರವತ್ತು ಕಲೆಗೆ ಒಂದು ಡಿಗ್ರಿ). ಇನ್ನು ಮುಂಬದಿಗೆ ಬಂದು, ಸೂರ್ಯನಿದ್ದ ಮೇಷದ ಮೊದಲ ಡಿಗ್ರಿಯನ್ನು ಜಾಲರಿ ತಿರುಗಿಸಿ ಫಲಕದ ಅದೇ ಉನ್ನತಾಂಶದ ಮೇಲೆ ಕೂರಿಸಬೇಕು. ಅಂಚಿನಲ್ಲಿ ಸಮಯ ಒಂಬತ್ತು ಗಂಟೆ. ಪೂರ್ವ ಕ್ಷಿತಿಜದ ಗೆರೆಯನ್ನು ಮಿಥುನದ 20ನೇ ಡಿಗ್ರಿ ಮುಟ್ಟಿದೆ. ಅದೇ ಆ ಹೊತ್ತಿನ ಲಗ್ನ.

ಮೇಷ ಸಂಕ್ರಮಣ ಮಾರ್ಚ್ 12ಕ್ಕೆ ಹೇಗೆ ಎಂದು ನಿಮಗೆ ಅನ್ನಿಸಬಹುದು. ಅವರದು ಸಾಯನ ಲೆಕ್ಕ, ವಿಷುವದ ದಿನವೇ ಮೇಷದ ಆರಂಭ. ಜೊತೆಗೆ, ಅಂದು ಬಳಕೆಯಲ್ಲಿದ್ದ ಜೂಲಿಯನ್ ಪಂಚಾಂಗ ಅಷ್ಟು ಹೊತ್ತಿಗೆ ಋತುವಿಗಿಂತ ಎಂಟೊಂಬತ್ತು ದಿನ ಜಾರಿತ್ತು. ಅದನ್ನು ಸರಿಪಡಿಸಿದ್ದು 1582ರಲ್ಲಿ.

ತಪ್ಪು ಎಲ್ಲಿ ನುಸುಳುತ್ತದೆ? ಮೊದಲನೆಯದಾಗಿ ಫಲಕದಲ್ಲಿ. ಲೂಯಿಸ್‌ನ ಫಲಕ ಆಕ್ಸ್‌ಫರ್ಡಿನದು, ಅಂದರೆ ಚಾಸರನ ಲೆಕ್ಕದಲ್ಲಿ 51 ಡಿಗ್ರಿ 50 ಕಲೆ. ನಮ್ಮಲ್ಲಿ ಯಾವ ಲಗ್ನವಾದರೂ ಹೆಚ್ಚುಕಡಿಮೆ ಎರಡು ಗಂಟೆ ಇರುತ್ತದೆ. ಅಷ್ಟು ಉತ್ತರಕ್ಕೆ ಹೋದರೆ ಮೇಷ ಸುಮಾರು 50 ನಿಮಿಷದಲ್ಲಿ ಎದ್ದುಬಿಡುತ್ತದೆ, ತುಲಾ ಮೂರು ಗಂಟೆಯ ಹತ್ತಿರ ತೆಗೆದುಕೊಳ್ಳುತ್ತದೆ. ಹಾಗಾಗಿ ಬೇರೆ ಊರಿನ ಫಲಕ ಹಾಕಿದರೆ ರಾಶಿಯೇ ಬದಲಾಗಬಹುದು. ಅಲಿಸನ್‌ಳ ವೃಷಭ ಅಲ್ಲಿ ಪೂರ್ತಿ ಎದ್ದುಬರಲು ಹಿಡಿಯುವುದು 70 ನಿಮಿಷದಷ್ಟು ಮಾತ್ರ.

ಎರಡನೆಯದು ಇನ್ನೂ ದೊಡ್ಡದು: ಹುಟ್ಟಿದ ಹೊತ್ತು. ಸೂಲಗಿತ್ತಿ ಗಂಟೆ ನೋಡಿ ಬರೆದಿಟ್ಟಿರುವುದಿಲ್ಲ. ಅದಕ್ಕೆ ಪ್ರಾಚೀನ ಗ್ರೀಕ್ ಜ್ಯೋತಿಷಿ ಟಾಲೆಮಿಯಿಂದ ಬಂದ ಒಂದು ಉಪಾಯವಿತ್ತು. ಲ್ಯಾಟಿನ್ ಪಂಡಿತರ ಬಾಯಲ್ಲಿ ಅದು 'ಅನಿಮೋದರ್'. ಮೂಲ ಪಾರಸಿಯ ನಮೂದಾರ್. ನಾವು ಅರ್ಜಿಯಲ್ಲಿ ಹೆಸರು 'ನಮೂದು' ಮಾಡುತ್ತೇವಲ್ಲ, ಅದೂ ಅದೇ ಬಳಗದ ಪದ. ಜನನಕ್ಕೆ ಮುಂಚಿನ ಅಮಾವಾಸ್ಯೆ ಅಥವಾ ಹುಣ್ಣಿಮೆಯ ಡಿಗ್ರಿಯನ್ನು ಹಿಡಿಯಬೇಕು. ಆ ಜಾಗದ ಮೇಲೆ ಹೆಚ್ಚು ಅಧಿಕಾರವಿರುವ ಗ್ರಹ ಯಾವುದೆಂದು ನೋಡಬೇಕು. ಆ ಗ್ರಹ ತನ್ನ ರಾಶಿಯಲ್ಲಿ ಎಷ್ಟನೇ ಡಿಗ್ರಿಯಲ್ಲಿದೆಯೋ ಲಗ್ನಕ್ಕೂ ಅದೇ ಸಂಖ್ಯೆ ಕೊಡಬೇಕು. ಅಂದಾಜಿನ ಲಗ್ನ ವೃಷಭ 18 ಆಗಿದ್ದು ಆ ಗ್ರಹ 14ರಲ್ಲಿದ್ದರೆ, ಲಗ್ನ ವೃಷಭ 14 ಎಂದಾಗುತ್ತದೆ. ಆಕ್ಸ್‌ಫರ್ಡಿನಲ್ಲಿ ಇದು ಒಂಬತ್ತು ನಿಮಿಷದ ತಿದ್ದುಪಡಿ. ಲೆಕ್ಕ ನಾಜೂಕಾದದ್ದೇ, ಆದರೆ ಆ ತಿದ್ದುಪಡಿ ಸರಿಯೇ ಎಂದು ಆಕಾಶ ನೋಡಿ ಪರೀಕ್ಷಿಸುವ ದಾರಿಯೇ ಇಲ್ಲ. ಈ ಇಡೀ ವಿದ್ಯೆಯ ಬುಡ ಸಡಿಲವಾಗಿರುವುದು ಇಲ್ಲೇ.

ಚಾಸರ್ ತನ್ನ ನಿಲುವನ್ನು ಮುಚ್ಚಿಟ್ಟಿಲ್ಲ. ಲಗ್ನದ ಶುಭಾಶುಭ ವಿಚಾರ ಅನ್ಯಧರ್ಮೀಯರ ಆಚರಣೆ, ಅದರಲ್ಲಿ ನನ್ನ ಮನಸ್ಸಿಗೆ ನಂಬಿಕೆಯಿಲ್ಲ ಎಂದು ಮಗನಿಗೆ ಸ್ಪಷ್ಟವಾಗಿ ಹೇಳಿದ್ದಾನೆ. ನಂಬದವನು ಅಲಿಸನ್‌ಗೆ ಜಾತಕ ಕೊಟ್ಟದ್ದು ಏಕೆ?

ಉತ್ತರಕ್ಕೆ ಆ ಕಾಲದ ವಿದ್ಯಾಪೀಠಗಳತ್ತ ಒಮ್ಮೆ ನೋಡಬೇಕು. ಗ್ರಹಗಳು ದೇಹವನ್ನು ಮುಟ್ಟುತ್ತವೆ, ದೇಹದ ಮೂಲಕ ಕಾಮಕ್ರೋಧಗಳನ್ನು ಕೆಣಕುತ್ತವೆ, ಆದರೆ ಇಚ್ಛೆಯನ್ನು ನೇರವಾಗಿ ಮುಟ್ಟಲಾರವು ಎಂದು ಕ್ರೈಸ್ತ ಧರ್ಮಪಂಡಿತ ಥಾಮಸ್ ಅಕ್ವಿನಾಸ್ ಬರೆದ. ಹೆಚ್ಚಿನ ಜನ ಕಾಮಕ್ರೋಧಗಳ ಹಿಂದೆಯೇ ಹೋಗುವುದರಿಂದ ಜೋಯಿಸರ ಮಾತು ಒಟ್ಟಾರೆಯಾಗಿ ನಿಜವಾಗುತ್ತದೆ. ವಿವೇಕಿ ಮಾತ್ರ ಗ್ರಹಗಳನ್ನು ಮೀರುತ್ತಾನೆ. ಇಚ್ಛೆಯೇ ಗ್ರಹಾಧೀನ ಎಂದರೆ ಪಾಪಕ್ಕೆ ಹೊಣೆ ಯಾರು? 1277ರಲ್ಲಿ ಪ್ಯಾರಿಸ್ಸಿನ ಬಿಷಪ್ ಖಂಡಿಸಿದ 219 ವಾದಗಳಲ್ಲಿ ಇಂಥವೂ ಇದ್ದವು. ಬೊಲೋನ್ಯದಲ್ಲಿ ಜ್ಯೋತಿಷ ಕಲಿಸಿದ್ದ ಚೆಕ್ಕೋ ದಾಸ್ಕೋಲಿಯನ್ನು 1327ರಲ್ಲಿ ಫ್ಲಾರೆನ್ಸಿನಲ್ಲಿ ಸುಟ್ಟರು.

ಗ್ರಹಗಳು ಮನುಷ್ಯನನ್ನು ವಾಲಿಸುತ್ತವೆ, ಕಟ್ಟಿಹಾಕುವುದಿಲ್ಲ: ಈ ವಾಲಿಕೆಗೆ ಪಂಡಿತರು ಇಟ್ಟ ಹೆಸರು 'ಇನ್‌ಕ್ಲಿನೇಶಿಯೋ'. ಈಗ ಅಲಿಸನ್‌ಳ ಮಾತು ಕೇಳಿ. ನನ್ನ ಭಾವನೆಯೆಲ್ಲ ಶುಕ್ರನದು, ಎದೆ ಕುಜನದು. ಆಸೆ ಕೊಟ್ಟವನು ಶುಕ್ರ, ಗಟ್ಟಿತನ ಕೊಟ್ಟವನು ಕುಜ. ನನ್ನ ನಕ್ಷತ್ರಬಲದಿಂದ ಬಂದ ವಾಲಿಕೆಯನ್ನೇ ನಾನು ಸದಾ ಅನುಸರಿಸಿದೆ, ಅನ್ನುತ್ತಾಳೆ. ವೃಷಭ ಶುಕ್ರನ ಸ್ವಕ್ಷೇತ್ರ. ಅಲ್ಲಿಗೆ ಕುಜ ಬಂದು ಕೂತಿದ್ದಾನೆ. ಮುಖದ ಮೇಲೆ ಕುಜನ ಮಚ್ಚೆಯೂ ಇದೆ. ಪಂಡಿತರ ಪದವನ್ನೇ ಎತ್ತಿಕೊಂಡು, 'ವಿವೇಕಿ ಮೀರಬಲ್ಲ' ಎಂಬ ಅವರ ಉಳಿದರ್ಧವನ್ನು ಅವಳು ಕೈಬಿಡುತ್ತಾಳೆ. ಆದರೆ ಅದರ ನಡುವೆಯೇ ಒಂದು ನಿಟ್ಟುಸಿರು: ಅಯ್ಯೋ, ಪ್ರೀತಿ ಅನ್ನುವುದು ಪಾಪ ಯಾಕಾಯಿತೋ! ಜಾತಕದಿಂದ ಪೂರ್ತಿ ಸಮಾಧಾನ ಸಿಕ್ಕಿದ್ದರೆ ಆ ಸಾಲು ಹುಟ್ಟುತ್ತಿರಲಿಲ್ಲ. ನನಗೆ ಆ ಇಡೀ ಕಾವ್ಯದಲ್ಲಿ ಅತ್ಯಂತ ಜೀವಂತವಾಗಿ ಕೇಳಿಸುವ ಸಾಲು ಅದು.

ಅವಳ ಐದನೆಯ ಗಂಡ ಜ್ಯಾಂಕಿನ್ ಆಕ್ಸ್‌ಫರ್ಡಿನಲ್ಲಿ ಓದಿದವನು. ಕೆಟ್ಟ ಹೆಂಡತಿಯರ ಕತೆಗಳ ಪುಸ್ತಕವನ್ನು ರಾತ್ರಿಯೆಲ್ಲ ಓದಿ ಅವಳನ್ನು ಚುಚ್ಚುತ್ತಿದ್ದ. ಅವಳು ಮೂರು ಹಾಳೆ ಕಿತ್ತು, ಕೆನ್ನೆಗೆ ಗುದ್ದಿದಳು. ಅವನು ತಲೆಗೆ ಕೊಟ್ಟ ಏಟಿಗೆ ಅವಳ ಕಿವಿ ಹೋಯಿತು. ಪಂಡಿತರು ಹೆಂಗಸರನ್ನು ಯಾಕೆ ಹಳಿಯುತ್ತಾರೆ ಎಂಬುದಕ್ಕೂ ಅವಳಲ್ಲಿ ಜ್ಯೋತಿಷದ ಉತ್ತರವಿದೆ. ಓದುಬರಹದವರು ಬುಧನ ಮಕ್ಕಳು, ನಾವು ಶುಕ್ರನ ಮಕ್ಕಳು. ಮೀನದಲ್ಲಿ ಶುಕ್ರ ಉಚ್ಚ, ಅಂದರೆ ಅತಿ ಬಲಶಾಲಿ; ಬುಧ ನೀಚ, ಅಂದರೆ ಅತಿ ದುರ್ಬಲ. ಬುಧ ಉಚ್ಚನಾಗುವ ಕಡೆ ಶುಕ್ರ ಬೀಳುತ್ತಾನೆ. ಹೀಗಿರುವಾಗ ಅವರು ನಮ್ಮನ್ನು ಹೊಗಳುವುದು ಎಲ್ಲಿಂದ ಬಂತು? ನಮ್ಮ ಜೋಯಿಸರ ಕೋಷ್ಟಕದಲ್ಲೂ ಈ ಉಚ್ಚನೀಚಗಳು ಹೀಗೇ ಇವೆ. ಎರಡೂ ಕಡೆಯ ವಿದ್ಯೆಗೆ ಗ್ರೀಕರ ನಂಟಿದೆ, ನಮ್ಮ 'ಹೋರಾ', 'ಕೇಂದ್ರ' ಎಂಬ ಪದಗಳೂ ಅಲ್ಲಿಂದ ಬಂದವೇ. ತನ್ನನ್ನು ತಾನು ಬಣ್ಣಿಸಿಕೊಳ್ಳಲು ತೆಗೆದ ಜಾತಕವನ್ನು ಅಲಿಸನ್ ಇಲ್ಲಿ ಪಂಡಿತರಿಗೇ ಹಿಡಿದು ತೋರಿಸುತ್ತಾಳೆ.

ಮಗನಿಗೆ ಬರೆದ ಕೈಪಿಡಿ ಐದು ಭಾಗಗಳಲ್ಲಿ ಬರಬೇಕಿತ್ತು. ಗ್ರಹಗಳ ಬಲಾಬಲದ ಕೋಷ್ಟಕಗಳನ್ನು ಐದನೆಯ ಭಾಗದಲ್ಲಿ ಕೊಡುತ್ತೇನೆಂದು ಚಾಸರ್ ಮಾತು ಕೊಟ್ಟಿದ್ದ. ನಮಗೆ ಉಳಿದು ಬಂದಿರುವುದು ಮೊದಲ ಎರಡರ ಪಾಠ ಮಾತ್ರ. ಮೀನದಲ್ಲಿ ಯಾರು ಉಚ್ಚ, ಯಾರು ನೀಚ ಎಂಬುದನ್ನು ಚಾಸರನ ಬರಹದಲ್ಲಿ ಹುಡುಕುವವರು ಈಗ ಅಲಿಸನ್‌ಳ ಬಾಯಿಂದಲೇ ಕೇಳಬೇಕು.

ನಮಸ್ಕಾರ.