ನೀಲಮ್ಮನವರು ನಿಂತ ದಡ

ನಮಸ್ಕಾರ. ಕೂಡಲಸಂಗಮಕ್ಕೆ ಹೋದವರು ನೋಡಿರುತ್ತೀರಿ. ಬಸವಣ್ಣನವರ ಐಕ್ಯಸ್ಥಳಕ್ಕೆ, ಅಂದರೆ ಅವರು ಲಿಂಗದಲ್ಲಿ ಒಂದಾದರು ಎನ್ನುವ ಜಾಗಕ್ಕೆ, ಸೇತುವೆ ದಾಟಬೇಕು. ಬಾವಿಯಂಥ ದುಂಡನೆಯ ಗೋಡೆಯೊಳಗೆ ಮೆಟ್ಟಿಲು ಇಳಿಯಬೇಕು. ಗೋಡೆಯ ಹೊರಗೆ ನಾರಾಯಣಪುರ ಜಲಾಶಯದ ಹಿನ್ನೀರು. ಜಲಾಶಯ ತುಂಬಿದಾಗ ಕೃಷ್ಣೆ, ಮಲಪ್ರಭೆಯ ನೀರು ತಲೆಗಿಂತ ಎತ್ತರದಲ್ಲಿರುತ್ತದೆ. ನಾವು ಒಣ ನೆಲದಲ್ಲಿ ಲಿಂಗಕ್ಕೆ ಕೈಮುಗಿಯುತ್ತಿರುತ್ತೇವೆ.

ನೀರು ಕಂಡಲ್ಲೆಲ್ಲ ಮುಳುಗುವವರನ್ನು ಪ್ರಶ್ನಿಸಿದವರು ಬಸವಣ್ಣ. ಆದರೂ ಅವರ ಸಾವನ್ನು ನೆನೆಯಲು ನಮಗೆ ಹೊಳೆಯೇ ಬೇಕಾಯಿತು. ಹೊಳೆಗೆ ಹೊಳೆ ಕೂಡಿದ ಹಾಗೆ ಶರಣ ಲಿಂಗದಲ್ಲಿ ಕೂಡಿದ ಅಂತೀವಿ. ಈ ನಂಬಿಕೆ ನನಗೂ ಆಸರೆ.

ಆದರೆ ಸಾವಿನ ಮನೆಯಲ್ಲಿ ಇದನ್ನು ಬಳಸುವ ರೀತಿ ನನಗೆ ನೋವು ಕೊಡುತ್ತದೆ. ವಿಭೂತಿ ಹಚ್ಚಿ, ಹಾರ ಹಾಕಿ ಗಂಡನ ದೇಹವನ್ನು ಕೂರಿಸಿರುತ್ತಾರೆ. ಹೆಂಡತಿ ಅಳುತ್ತಿರುತ್ತಾಳೆ. ಹಿರಿಯರೊಬ್ಬರು ಬಂದು, "ಅಳಬ್ಯಾಡ ತಂಗಿ, ಶಿವನ ಪಾದ ಸೇರ್ಯಾರ" ಅನ್ನುತ್ತಾರೆ. ಪ್ರೀತಿಯಿಂದಲೇ ಹೇಳುತ್ತಾರೆ, ಒಪ್ಪುತ್ತೇನೆ. ಆದರೆ ಅವಳು ಅಲ್ಲಿಗೇ ಬಾಯಿ ಮುಚ್ಚುತ್ತಾಳೆ. ಅತ್ತರೆ ಭಕ್ತಿ ಕಡಿಮೆ ಅಂದುಕೊಂಡಾರು ಎಂಬ ಭಯ ಬೇರೆ.

ಬಸವಣ್ಣನವರ ಹೆಂಡತಿ ನೀಲಮ್ಮನವರನ್ನು ನೆನೆಯಿರಿ. 12ನೇ ಶತಮಾನದ ಕಲ್ಯಾಣ. ಸಮಗಾರ ಹರಳಯ್ಯ, ಬ್ರಾಹ್ಮಣ ಮಧುವರಸರ ಮಕ್ಕಳ ಜಾತಿ ಮೀರಿದ ಮದುವೆ, ಅದೇ ಕಾರಣಕ್ಕೆ ಆಮೇಲೆ ಆ ಇಬ್ಬರು ತಂದೆಯರಿಗೂ ಮರಣದಂಡನೆ. ಬಸವಣ್ಣ ಸಂಗಮಕ್ಕೆ ಹೊರಟರು. ನೀಲಮ್ಮನವರನ್ನು ಕರೆತರಲು ತಮ್ಮ ಆಪ್ತ ಶರಣ ಹಡಪದ ಅಪ್ಪಣ್ಣನವರನ್ನು ಕಳಿಸಿದರು ಎಂದು ಶರಣರ ಕಥೆ ಹೇಳುತ್ತದೆ. ನೀಲಮ್ಮ ತಂಗಡಗಿಯವರೆಗೆ ಬಂದರು. ಅಷ್ಟರಲ್ಲಿ ಬಸವಣ್ಣ ಐಕ್ಯರಾದ ಸುದ್ದಿ ಬಂತು ಎನ್ನುತ್ತಾರೆ. ಕೃಷ್ಣೆ ದಾಟಲಿಲ್ಲ. ಅಲ್ಲಿರುವ ಸಂಗಯ್ಯ, ಅಂದರೆ ಸಂಗಮದ ದೇವರು, ಇಲ್ಲಿಲ್ಲವೇ ಎಂದು ಕೇಳಿ, ಅದೇ ದಡದಲ್ಲಿ ಐಕ್ಯರಾದರು.

ಪ್ರವಚನಗಳಲ್ಲಿ ಇದನ್ನು ವೈರಾಗ್ಯ ಅಂತ ಹೊಗಳುತ್ತಾರೆ. ನನಗೆ ಹಾಗೆ ಕೇಳಿಸುವುದಿಲ್ಲ. ಅವರ ವಚನಗಳನ್ನು ಓದಿ. ಕೊನೆಗೆ ಬರುವ ಅಂಕಿತದ ಹೆಸರು ಸಂಗಯ್ಯನದು, ಆದರೆ ಬಸವ, ಬಸವ ಅಂತ ಮತ್ತೆ ಮತ್ತೆ ಕರೆಯುತ್ತಾರೆ. ದುಃಖವಿಲ್ಲದವರು ಹಾಗೆ ಕರೆಯುತ್ತಾರಾ? ದೇವರು ಇಲ್ಲೂ ಇದ್ದಾನೆ ಎಂಬ ಧೈರ್ಯ ಅವರಿಗಿತ್ತು. ಗಂಡ ಇಲ್ಲ ಎಂಬ ಸಂಕಟವೂ ಇತ್ತು. ಒಂದಕ್ಕಾಗಿ ಇನ್ನೊಂದನ್ನು ಅವರು ಬಿಡಲಿಲ್ಲ.

ಮುಂದಿನ ಸಲ ಸಂಗಮಕ್ಕೆ ಹೋದಾಗ ತಂಗಡಗಿಗೂ ಹೋಗಿ. ಮುದ್ದೇಬಿಹಾಳ ತಾಲೂಕು, ಹೊಳೆಯ ಆಚೆ ದಡ. ಮನೆಯಲ್ಲಿ ಗಂಡನನ್ನು ಕಳೆದುಕೊಂಡ ಅಕ್ಕನೋ ಅತ್ತಿಗೆಯೋ ಇದ್ದರೆ, ಬರ್ತೀರಾ ಅಂತ ಕೇಳಿ. ಅವರು ಅಲ್ಲಿ ಅಳುತ್ತ ಕೂತರೆ, ದಯವಿಟ್ಟು ಬಸ್ಸಿಗೆ ಹೊತ್ತಾಯ್ತು ಅಂತ ಎಬ್ಬಿಸಬೇಡಿ.