ಮಾಸ್ತರರ ಚಿನ್ನಿದಾಂಡು, ಮೊಮ್ಮಗನ ಕನ್ಸೋಲ್

(ಬಾಗಲಕೋಟೆಯಲ್ಲಿ ಎಂಜಿನಿಯರಿಂಗ್ ವಿದ್ಯಾರ್ಥಿಗಳ ಮುಂದೆ ಮಾಡಿದ ಉಪನ್ಯಾಸದ ಬರಹರೂಪ)

ಅಧ್ಯಕ್ಷರೇ, ಪ್ರಾಚಾರ್ಯರೇ, ಅಧ್ಯಾಪಕ ಬಂಧುಗಳೇ, ಹಿಂದಿನ ಸಾಲಿನಲ್ಲಿ ಕುಳಿತು ಈಗಾಗಲೇ ಮೊಬೈಲಿನಲ್ಲಿ ಆಟ ಶುರುಮಾಡಿರುವ ಮಿತ್ರರೇ,

ಆಮಂತ್ರಣ ಪತ್ರಿಕೆಯಲ್ಲಿ ನನ್ನ ವಿಷಯವನ್ನು ‘ಗೇಮಿಂಗ್ ಉದ್ಯಮದ ಭವಿಷ್ಯ’ ಎಂದು ಅಚ್ಚು ಹಾಕಿಸಿದ್ದೀರಿ. ಭವಿಷ್ಯ ಹೇಳುವವರು ಬೇರೆ ಇದ್ದಾರೆ, ಅವರ ದಕ್ಷಿಣೆಯೂ ದೊಡ್ಡದು. ಬೆಳಗಾವಿಯಲ್ಲಿ ರಿಪೇರಿ ಅಂಗಡಿ ಇಟ್ಟುಕೊಂಡಿರುವ ನನ್ನ ಮೇಜಿಗೆ ಬರುವುದೆಲ್ಲ ಹಳೆಯ ಸಾಮಾನು. ಆದ್ದರಿಂದ ಒಂದೇ ಒಂದು ಪ್ರಶ್ನೆಯನ್ನು ಹಿಡಿದು ಮಾತನಾಡುತ್ತೇನೆ. ಹಳೆಯ ಕನ್ಸೋಲಿಗೆಂದು, ಅಂದರೆ ಟಿವಿಗೆ ಜೋಡಿಸಿ ವಿಡಿಯೋ ಗೇಮ್ ಆಡುವ ಯಂತ್ರಕ್ಕೆಂದು, ಕೊಂಡ ಆಟವನ್ನು ಹೊಸ ಕನ್ಸೋಲಿನಲ್ಲಿ ಆಡಲು ಬರಬೇಕೋ ಬೇಡವೋ? ನನ್ನ ಉತ್ತರವನ್ನು ಮೊದಲೇ ಹೇಳಿಬಿಡುತ್ತೇನೆ, ಊಟಕ್ಕೆ ಬೇಗ ಏಳುವವರಿಗೂ ಅನುಕೂಲ. ಬರಲೇಬೇಕು. ನೀವು ದುಡ್ಡು ಕೊಟ್ಟದ್ದು ಆಟಕ್ಕೆ.

ನಿಮ್ಮದೇ ಜಿಲ್ಲೆಯ ಒಬ್ಬರ ಕಥೆಯಿಂದ ಶುರುಮಾಡುತ್ತೇನೆ. ಗುಳೇದಗುಡ್ಡದ ನಿವೃತ್ತ ಮಾಸ್ತರರು. ಕಳೆದ ದೀಪಾವಳಿಗೆ ಮಗಳ ಮನೆಗೆಂದು ಬೆಳಗಾವಿಗೆ ಬಂದಿದ್ದರು. ಒಂದು ಮಧ್ಯಾಹ್ನ ಎರಡೂ ಕೈಯಲ್ಲಿ ದೊಡ್ಡ ಚೀಲವನ್ನು ಅವಚಿಕೊಂಡು ನನ್ನ ಅಂಗಡಿಯ ಮೆಟ್ಟಿಲು ಹತ್ತಿದರು. ಚೀಲದೊಳಗೆ ಹೊಚ್ಚ ಹೊಸ ಕನ್ಸೋಲ್. “ಇದು ಕೆಟ್ಟಿದೆ, ನೋಡಿರಿ” ಎಂದರು. ಟಿವಿಗೆ ಜೋಡಿಸಿದೆ. ಚೆನ್ನಾಗಿಯೇ ನಡೆಯಿತು. “ಏನೂ ಆಗಿಲ್ಲವಲ್ಲ ಸರ್” ಎಂದೆ. ಅವರು ಮಾತನಾಡದೆ ಜೇಬಿನ ಕರವಸ್ತ್ರ ಬಿಚ್ಚಿದರು. ಅದರೊಳಗೆ ಸೋನಿ ಕಂಪನಿಯ ಹಳೆಯ ಕನ್ಸೋಲ್ ಪ್ಲೇಸ್ಟೇಷನ್ 2ರ ಒಂದು ಡಿಸ್ಕ್ ಇತ್ತು. ‘ದೇಸಿ ಅಡ್ಡಾ’. 2009ರಲ್ಲಿ ಬಂದದ್ದು. ಕಬಡ್ಡಿ, ಗಾಳಿಪಟ, ಚಿನ್ನಿದಾಂಡು ಎಲ್ಲ ಇರುವ ಆಟ. ಮಗ ಹಿಂದೊಮ್ಮೆ ತಂದಿಟ್ಟಿದ್ದನಂತೆ. ಮಾಸ್ತರರ ಮೊಣಕಾಲು ಬೀದಿಯಲ್ಲಿ ಚಿನ್ನಿ ಹೊಡೆಯಲು ಒಪ್ಪುವುದಿಲ್ಲ. ಆದರೆ ಟಿವಿಯ ಮುಂದೆ ಕುಳಿತು ಹೊಡೆಯಲು ಮೊಣಕಾಲಿನ ಅನುಮತಿ ಬೇಕಿಲ್ಲ. ವರ್ಷಗಟ್ಟಲೆ ಹೊಡೆದಿದ್ದರು. ಮೊಮ್ಮಗ ಬೆಂಗಳೂರಿನಲ್ಲಿ ಕೆಲಸಕ್ಕೆ ಸೇರಿದವನು ಪ್ರೀತಿಯಿಂದ ಹೊಸ ಯಂತ್ರ ಕೊಡಿಸಿದ, ಅಷ್ಟೇ ಪ್ರೀತಿಯಿಂದ ಹಳೆಯದನ್ನು ಗುಜರಿಗೆ ಹಾಕಿದ.

ಮಾಸ್ತರರು ನನ್ನ ಮೇಜಿನ ಮೇಲೆ ಮೂರು ಡಿಸ್ಕ್ ಸಾಲಾಗಿ ಇಟ್ಟರು. ಒಂದು ಸಿನಿಮಾದ ಡಿವಿಡಿ, ಒಂದು ಹೊಸ ಆಟ, ಒಂದು ತಮ್ಮ ಆಟ. “ಮೂರರ ಅಳತೆ ಒಂದೇ. ನಡುವಿನ ತೂತೂ ಒಂದೇ. ಸಿನಿಮಾ ಹಳೆಯದು, ಅದು ಓಡುತ್ತದೆ. ಇದೇಕೆ ಓಡುವುದಿಲ್ಲ?” ನಾನು, “ಆ ಆಟವನ್ನು ಬೇರೆ ಚಿಪ್ಪಿಗಾಗಿ ಬರೆದಿದ್ದಾರೆ ಸರ್, ಇದಕ್ಕೆ ಅದು ತಿಳಿಯುವುದಿಲ್ಲ” ಎಂದೆ. “ತಿಳಿಯದಿದ್ದರೆ ಕಲಿಸಿರಿ. ನಾನು ಒಂದೇ ಕೋಣೆಯಲ್ಲಿ ನಾಲ್ಕು ತರಗತಿಗೆ ಪಾಠ ಹೇಳಿದವನು” ಎಂದರು. ಆಮೇಲೆ ಕನ್ನಡಕ ಸರಿಮಾಡಿಕೊಂಡು ಯಂತ್ರದ ಬೆಲೆ ಕೇಳಿದರು. ಐವತ್ತು ಸಾವಿರದ ಆಸುಪಾಸು ಎಂದೆ. “ಇಷ್ಟು ದುಡ್ಡು ತೆಗೆದುಕೊಂಡು ಹಿಂದಿನ ತರಗತಿಯ ಪಾಠ ಬರುವುದಿಲ್ಲ ಎನ್ನುವ ಇದನ್ನು ಪಾಸು ಮಾಡಿದವರು ಯಾರು?”

ನಗಬೇಡಿ. ಇದು ಸರಿಯಾದ ಪ್ರಶ್ನೆ. ಕಂಪ್ಯೂಟರ್ ಸೈನ್ಸ್ ಓದುವ ನೀವು ಇದಕ್ಕೆ ಉತ್ತರ ಹೇಳಬೇಕಾದವರು.

ಒಂದು ಕಾಲದಲ್ಲಿ ಹಿಂದಿನ ತರಗತಿಯ ಪಾಠ ಬರುತ್ತಿತ್ತು. 1986ರಲ್ಲಿ ಮಾರುಕಟ್ಟೆಗೆ ಬಂದ ಅಟಾರಿ 7800 ಕನ್ಸೋಲ್ ಅದೇ ಕಂಪನಿಯ ಹಳೆಯ 2600ರ ಕಾರ್ಟ್ರಿಡ್ಜುಗಳನ್ನು, ಅಂದರೆ ಆಟ ತುಂಬಿದ ಪುಟ್ಟ ಡಬ್ಬಿಗಳನ್ನು, ಆಡಿಸುತ್ತಿತ್ತು. ಕೈಯಲ್ಲಿ ಹಿಡಿದು ಆಡುವ 2001ರ ಗೇಮ್ ಬಾಯ್ ಅಡ್ವಾನ್ಸ್ ಕಂಡವರು ಯಾರಾದರೂ ಇದ್ದೀರಾ? ಒಬ್ಬರು ಕೈ ಎತ್ತಿದ್ದಾರೆ, ಅವರು ಅಧ್ಯಾಪಕರು. ಅದರ ಕಾರ್ಟ್ರಿಡ್ಜ್ ಕಂಡಿಯೊಳಗೆ ಟಾರ್ಚ್ ಬಿಟ್ಟು ನೋಡಿದರೆ ಮೂಲೆಯಲ್ಲಿ ಅಕ್ಕಿಕಾಳಿನಷ್ಟು ಸಣ್ಣ ಸ್ವಿಚ್ ಇರುತ್ತದೆ. ಹಳೆಯ ಗೇಮ್ ಬಾಯ್ ಕಾರ್ಟ್ರಿಡ್ಜ್ ತಳ್ಳಿದರೆ ಅದರ ಮೈಯ ಆಕಾರವೇ ಆ ಸ್ವಿಚ್ಚನ್ನು ಒತ್ತುತ್ತದೆ. ಕೂಡಲೇ ಯಂತ್ರ 3.3 ವೋಲ್ಟ್ ಬಿಟ್ಟು ಹಳೆಯ ಆಟಕ್ಕೆ ಬೇಕಾದ 5 ವೋಲ್ಟ್ ಕೊಡುತ್ತದೆ, ಒಳಗೇ ಇಟ್ಟುಕೊಂಡಿರುವ ಹಳೆಯ 8 ಬಿಟ್ ಪ್ರೊಸೆಸರ್ ಎಚ್ಚರಗೊಳ್ಳುತ್ತದೆ. ಹೊಸ ಕಾರ್ಟ್ರಿಡ್ಜ್ ಆ ಸ್ವಿಚ್ಚನ್ನು ಮುಟ್ಟುವುದೇ ಇಲ್ಲ. ಒಂದು ಸ್ಕ್ರೀನ್ ಸಂದೇಶವಿಲ್ಲ, ಒಂದು ಅಪ್‌ಡೇಟ್ ಇಲ್ಲ. ನನ್ನ ಕೈಯಲ್ಲಿದ್ದರೆ ಆ ಸ್ವಿಚ್ಚಿನ ಚಿತ್ರವನ್ನು ನಿಮ್ಮ ವಿಭಾಗದ ಗೋಡೆಗೆ ತೂಗುಹಾಕಿಸುತ್ತಿದ್ದೆ. ಈಗ ಅಲ್ಲಿ ಇರುವುದು ಹಳೆಯ ಪ್ಲೇಸ್‌ಮೆಂಟ್ ಪಟ್ಟಿ.

ಪ್ಲೇಸ್ಟೇಷನ್ 2ರ ಜಾಣ್ಮೆ ಇನ್ನೂ ದೊಡ್ಡದು. 2000ನೇ ಇಸವಿಯಲ್ಲಿ ಜಪಾನಿನಲ್ಲಿ ಬಂದಾಗ ಅದರ ಒಳಗೆ ಮೊದಲನೆಯ ಪ್ಲೇಸ್ಟೇಷನ್ನಿನ ಪ್ರೊಸೆಸರೂ ಇತ್ತು. ಅದನ್ನು ಸುಮ್ಮನೆ ಕೂರಿಸಿರಲಿಲ್ಲ. ಹೊಸ ಆಟ ನಡೆಯುವಾಗ ಕಂಟ್ರೋಲರು, ಮೆಮೊರಿ ಕಾರ್ಡ್, ಧ್ವನಿಯ ಓಡಾಟದ ಕೆಲಸವನ್ನು ಅದಕ್ಕೇ ವಹಿಸಿದ್ದರು. ಹಳೆಯ ಆಟ ಹಾಕಿದರೆ ಅದೇ ಯಜಮಾನ. ಉಂಡ ಅನ್ನಕ್ಕೆ ದುಡಿಯುವ ಹಿರಿಯರು ಮನೆಯಲ್ಲಿದ್ದರೆ ಯಾರಿಗೂ ಭಾರವಲ್ಲ.

2006ರಲ್ಲಿ ಪ್ಲೇಸ್ಟೇಷನ್ 3 ಬಂತು. ಅಮೆರಿಕ, ಜಪಾನುಗಳ ಮೊದಲ ಮಾದರಿಗಳಲ್ಲಿ ಪಿಎಸ್2ರ, ಅಂದರೆ ಪ್ಲೇಸ್ಟೇಷನ್ 2ರ, ಮುಖ್ಯ ಪ್ರೊಸೆಸರಾದ ಎಮೋಷನ್ ಎಂಜಿನ್ ಮತ್ತು ಚಿತ್ರ ಬಿಡಿಸುವ ಚಿಪ್ಪಾದ ಗ್ರಾಫಿಕ್ಸ್ ಸಿಂಥಸೈಸರ್ ಎರಡನ್ನೂ ಬೋರ್ಡಿನ ಮೇಲೆ ಕೂರಿಸಿದ್ದರು. ಯಾರೋ ಅಮೆರಿಕದಿಂದ ತಂದ 60 ಜಿಬಿ ಯಂತ್ರವನ್ನು ಬಿಚ್ಚಿ ನೋಡಿದ್ದೇನೆ. ಒಂದು ಪೆಟ್ಟಿಗೆಯೊಳಗೆ ಇನ್ನೊಂದು ಇಡೀ ಪೆಟ್ಟಿಗೆ! ಬೆಲೆ 599 ಡಾಲರ್, ಆದರೂ ಕಂಪನಿಗೆ ನಷ್ಟ. ಮರುವರ್ಷ ಯುರೋಪಿಗೆ ಹೋದ ಮಾದರಿಯಲ್ಲಿ ಎಮೋಷನ್ ಎಂಜಿನ್ ಮಾಯವಾಯಿತು. ಅದೇ ವರ್ಷ ಬಂದ 40 ಜಿಬಿ ಮಾದರಿಯಲ್ಲಿ ಎರಡೂ ಇಲ್ಲ. ಪಿಎಸ್2 ಡಿಸ್ಕ್ ಹಾಕಿದರೆ ಆಟ ಓಡದು.

ಇಲ್ಲಿ ಕಂಪನಿಯ ಪರವಾಗಿಯೂ ಒಂದು ಮಾತು ಹೇಳಬೇಕು, ಇಲ್ಲದಿದ್ದರೆ ನಿಮ್ಮ ಪ್ರೊಫೆಸರುಗಳು ಪ್ರಶ್ನೋತ್ತರದಲ್ಲಿ ನನ್ನನ್ನು ಹಿಡಿಯುತ್ತಾರೆ. ಚಿಪ್ ತೆಗೆದ ಮೇಲೆ ಅದರ ಕೆಲಸವನ್ನೆಲ್ಲ ಸಾಫ್ಟ್‌ವೇರ್ ನಟಿಸಬೇಕು, ಅಂದರೆ ಎಮ್ಯುಲೇಶನ್. ಪಿಎಸ್2ರ ಮುಖ್ಯ ಮೆಮೊರಿ 32 ಎಂಬಿ, ಪ್ರೊಸೆಸರ್ 300 ಮೆಗಾಹರ್ಟ್ಸಿಗೂ ಸ್ವಲ್ಪ ಕಡಿಮೆ. ಇದೇನು ಮಹಾ ಎನ್ನಿಸುತ್ತದೆ. ಆದರೆ ಗ್ರಾಫಿಕ್ಸ್ ಚಿಪ್ಪಿನ ಹೊಟ್ಟೆಯಲ್ಲೇ ಇದ್ದ 4 ಎಂಬಿ ಮೆಮೊರಿ ಸೆಕೆಂಡಿಗೆ 48 ಗಿಗಾಬೈಟ್ ವೇಗದಲ್ಲಿ ಓಡುತ್ತಿತ್ತು. ಆಟ ಬರೆದವರು ಆ ವೇಗವನ್ನು ನಂಬಿ ಏನೇನೋ ಚಮತ್ಕಾರ ಮಾಡಿದ್ದರು. ಪಿಎಸ್3ರ ಸೆಲ್ ಪ್ರೊಸೆಸರ್ ಇನ್ನೂ ವಿಚಿತ್ರ. ಒಂದು ಮುಖ್ಯ ಕೋರ್, ಸುತ್ತ ಸಣ್ಣ ಸಣ್ಣ ಸಹಾಯಕ ಕೋರುಗಳು, ಪ್ರತಿಯೊಂದಕ್ಕೂ ಸ್ವಂತದ ಪುಟ್ಟ ಮೆಮೊರಿ. ಅದಕ್ಕಾಗಿ ಬರೆದ ಆಟವನ್ನು ಬೇರೆಡೆ ಓಡಿಸುವುದು ಸುಲಭವಲ್ಲ, ಒಪ್ಪಿದೆ. 2013ರ ಪಿಎಸ್4ನಲ್ಲಿ ಪಿಎಸ್3ರ ಡಿಸ್ಕ್ ಓಡಲಿಲ್ಲ, ಇಂದಿನ ಪಿಎಸ್5ನಲ್ಲೂ ಓಡುವುದಿಲ್ಲ. ಪಿಎಸ್4ರ ಆಟಗಳು ಮಾತ್ರ ಪಿಎಸ್5ನಲ್ಲಿ ಹೆಚ್ಚುಕಡಿಮೆ ಎಲ್ಲವೂ ಓಡುತ್ತವೆ, ಏಕೆಂದರೆ ಎರಡರ ಪ್ರೊಸೆಸರೂ ಒಂದೇ x86 ವಂಶದ್ದು.

ಕಷ್ಟ, ಒಪ್ಪಿದೆ. ಅಸಾಧ್ಯ ಎಂದರೆ ಒಪ್ಪುವುದಿಲ್ಲ. ಪಿಸಿಎಸ್ಎಕ್ಸ್2 ಎಂಬ ಎಮ್ಯುಲೇಟರ್ 2002ರಿಂದ ಬೆಳೆಯುತ್ತಾ ಬಂದಿದೆ. ಸ್ವಯಂಸೇವಕರ ಕೆಲಸ, ಸಂಬಳವಿಲ್ಲ. ಸಾಧಾರಣ ಕಂಪ್ಯೂಟರಿನಲ್ಲಿ ಪಿಎಸ್2ರ ಆಟಗಳನ್ನು ಅದು ಮೂಲಕ್ಕಿಂತ ಸ್ಪಷ್ಟವಾಗಿ ತೋರಿಸುತ್ತದೆ. ಆ ವಿಚಿತ್ರ ಸೆಲ್ ಪ್ರೊಸೆಸರಿಗೂ ಆರ್‌ಪಿಸಿಎಸ್3 ಇದೆ. ಇವುಗಳ ಕೋಡ್ ಬಹಿರಂಗವಾಗಿದೆ. ಮಿನಿ ಪ್ರಾಜೆಕ್ಟಿಗೆಂದು ಪ್ರತಿವರ್ಷ ಅದೇ ಗ್ರಂಥಾಲಯ ನಿರ್ವಹಣೆಯ ತಂತ್ರಾಂಶ ಬರೆದು ಬೈಂಡ್ ಹಾಕಿಸುವ ಬದಲು, ಒಂದು ಸೆಮಿಸ್ಟರ್ ಆ ಕೋಡನ್ನು ಓದಿ. ಪ್ರೊಸೆಸರ್ ಅಂದರೇನು ಎಂಬುದು ಆಗ ತಿಳಿಯುತ್ತದೆ. ಕ್ಷಮಿಸಿ, ಮಾರ್ಗದರ್ಶಕರು ಮುಂದಿನ ಸಾಲಿನಲ್ಲೇ ಇದ್ದಾರೆ.

ಮೈಕ್ರೋಸಾಫ್ಟ್ ಬೇರೆ ದಾರಿ ಹಿಡಿಯಿತು. 2013ರಲ್ಲಿ ಎಕ್ಸ್‌ಬಾಕ್ಸ್ ಒನ್ ಬಂದಾಗ ಅದರ ಹಿಂದಿನ ಕನ್ಸೋಲ್ ಎಕ್ಸ್‌ಬಾಕ್ಸ್ 360ರ ಆಟಗಳಿಗೆ ಅವಕಾಶವಿರಲಿಲ್ಲ. 2015ರಲ್ಲಿ ಎಮ್ಯುಲೇಟರ್ ತಂದರು, 2017ರಲ್ಲಿ ಮೊಟ್ಟಮೊದಲ ಎಕ್ಸ್‌ಬಾಕ್ಸಿನ ಕೆಲವು ಆಟಗಳೂ ಸೇರಿದವು. ಹಳೆಯ ಡಿಸ್ಕ್ ಹಾಕಿದರೆ ಯಂತ್ರ ಡಿಸ್ಕಿನೊಳಗಿನ ಆಟವನ್ನು ಓಡಿಸುವುದಿಲ್ಲ. ಇವನು ಕೊಂಡಿದ್ದಾನೆ ಎಂಬ ಸಾಕ್ಷಿಯಾಗಿ ಮಾತ್ರ ಅದನ್ನು ನೋಡಿ, ಆಟವನ್ನು ಇಂಟರ್ನೆಟ್ಟಿನಿಂದ ಇಳಿಸಿಕೊಳ್ಳುತ್ತದೆ. ಆಟಕ್ಕೆ ದುಡ್ಡು ಕೊಟ್ಟವನು ಮತ್ತೆ ಕೊಡಬೇಕಿಲ್ಲ. ನಾನು ಹೇಳುತ್ತಿರುವುದೂ ಅದೇ! ಆದರೆ 2021ರ ನವೆಂಬರಿನಲ್ಲಿ 76 ಆಟಗಳ ಕೊನೆಯ ಕಂತು ಬಿಟ್ಟು, ಪರವಾನಗಿ, ಕಾನೂನು, ತಂತ್ರಜ್ಞಾನದ ಮಿತಿ ಮುಟ್ಟಿದ್ದೇವೆ ಎಂದು ಪಟ್ಟಿಯನ್ನು ಮುಚ್ಚಿದರು. ಹಾಡಿನ ಹಕ್ಕು ಒಬ್ಬರದು, ಕಾರಿನ ಹೆಸರಿನ ಹಕ್ಕು ಇನ್ನೊಬ್ಬರದು, ಆಟ ಮಾಡಿದ ಕಂಪನಿಯೇ ಮುಚ್ಚಿಹೋಗಿದೆ. ಸಹಿ ಹಾಕುವವರು ಯಾರು? ಪಾಲು-ವಾಟ್ನಿಯಾಗದ ಆಸ್ತಿಯ ವ್ಯಾಜ್ಯ ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಇನ್ನು ಕೆಲವರು ಹಳೆಯ ಆಟಕ್ಕೇ ಬಣ್ಣ ಬಳಿದು, ‘ರಿಮಾಸ್ಟರ್’ ಎಂದು ಹೆಸರಿಟ್ಟು ಪೂರ್ತಿ ಬೆಲೆಗೆ ಮತ್ತೆ ಮಾರುತ್ತಾರೆ. ಆಲಮಟ್ಟಿಯ ಹಿನ್ನೀರು ಬಂದಾಗ ನಿಮ್ಮ ಹಿರಿಯರು ಹಳೆಯ ಮನೆಯ ಸಾಗವಾನಿ ಬಾಗಿಲು, ತೊಲೆಗಳನ್ನು ಕಿತ್ತು ನವನಗರದ ಸೆಕ್ಟರಿಗೆ ಸಾಗಿಸಿದರಲ್ಲ, ಆಗ ಯಾರಾದರೂ ದಾರಿಗೆ ಅಡ್ಡ ನಿಂತು, “ನಿಮ್ಮ ಬಾಗಿಲು ಹೊಸ ಮನೆಗೆ ನಡೆಯುವುದಿಲ್ಲ, ಅದನ್ನೇ ಪಾಲಿಶ್ ಮಾಡಿಟ್ಟಿದ್ದೇವೆ, ಇದನ್ನು ಕೊಂಡುಕೊಳ್ಳಿ” ಎಂದಿದ್ದರೆ ಅವರು ಸುಮ್ಮನಿರುತ್ತಿದ್ದರೇ? ದುಡ್ಡು ಕೊಟ್ಟದ್ದು ಆಟಕ್ಕೆ, ಒಮ್ಮೆ ಕೊಟ್ಟಾಗಿದೆ.

ಅಧ್ಯಕ್ಷರು ಚೀಟಿ ಕಳಿಸಿದ್ದಾರೆ. ‘ಹತ್ತು ನಿಮಿಷ’ ಎಂದಿದೆ. ಅಡುಗೆಮನೆಯ ಕಡೆಯಿಂದ ಎಣ್ಣೆಗಾಯಿಯ ವಾಸನೆ ಅದಕ್ಕೂ ಮೊದಲೇ ಚೀಟಿ ಕಳಿಸಿತ್ತು. ಗೇಮ್ ಬಾಯ್ ಮಾಡಿದ ನಿಂಟೆಂಡೊ ಕಂಪನಿಯ ಬಗ್ಗೆ ನಾಲ್ಕು ಪುಟ ಬರೆದುಕೊಂಡು ಬಂದಿದ್ದೆ, ಮಡಿಚಿಡುತ್ತೇನೆ. ಇಷ್ಟು ಮಾತ್ರ: ವೀ ಯಂತ್ರ ಹಿಂದಿನ ಗೇಮ್‌ಕ್ಯೂಬ್ ಡಿಸ್ಕುಗಳನ್ನು ಆಡಿಸುತ್ತಿತ್ತು, ಆಮೇಲೆ ಬಂದ ‘ಸ್ವಿಚ್’ ಎಂಬ ಕನ್ಸೋಲ್ ಹಿಂದಿನದೇನನ್ನೂ ಆಡಿಸಲಿಲ್ಲ, 2025ರ ಜೂನ್ 5ರಂದು ಬಂದ ಸ್ವಿಚ್ 2 ಮತ್ತೆ ಸ್ವಿಚ್‌ನ ಆಟಗಳನ್ನು ಆಡಿಸುತ್ತಿದೆ. ನಡುವೆ 2023ರ ಮಾರ್ಚ್ 27ರಂದು ನಿಂಟೆಂಡೊದ ಹಳೆಯ ಯಂತ್ರಗಳಾದ ವೀ ಯು ಮತ್ತು 3ಡಿಎಸ್‌ನ ಆನ್‌ಲೈನ್ ಅಂಗಡಿ ಮುಚ್ಚಿತು. ಅಲ್ಲಿ ಮಾತ್ರ ಸಿಗುತ್ತಿದ್ದ ಆಟಗಳನ್ನು ಇನ್ನು ಯಾರೂ ಕೊಳ್ಳಲಾರರು.

ಅದೇ ವರ್ಷ ಅಮೆರಿಕದ ವಿಡಿಯೋ ಗೇಮ್ ಹಿಸ್ಟರಿ ಫೌಂಡೇಶನ್ ಒಂದು ಅಧ್ಯಯನ ಹೊರತಂದಿತು. 2010ಕ್ಕೂ ಮೊದಲು ಅಲ್ಲಿ ಬಿಡುಗಡೆಯಾದ ಆಟಗಳಲ್ಲಿ ಶೇ. 87ರಷ್ಟು ಇಂದು ಯಾವ ಅಂಗಡಿಯಲ್ಲೂ ದೊರೆಯುವುದಿಲ್ಲ. ಗ್ರಂಥಾಲಯಗಳು ಇವನ್ನು ಸಂಶೋಧಕರಿಗೆ ದೂರದಿಂದಲೇ ಆಡಲು ಕೊಡಲಿ ಎಂದು ಕೇಳಿದಾಗ, 2024ರ ಅಕ್ಟೋಬರಿನಲ್ಲಿ ಅಲ್ಲಿನ ಕಾಪಿರೈಟ್ ಕಚೇರಿ ಒಪ್ಪಲಿಲ್ಲ. ಅಲ್ಲಿ ಕೇಳುವವರಾದರೂ ಇದ್ದರು. 2009ರಲ್ಲಿ ಹೈದರಾಬಾದಿನಲ್ಲಿ ತಯಾರಾಗಿ ಪಿಎಸ್2ಗೆ ಬಂದ ‘ಹನುಮಾನ್: ಬಾಯ್ ವಾರಿಯರ್’, ಮಾಸ್ತರರ ‘ದೇಸಿ ಅಡ್ಡಾ’, ಇವುಗಳ ಬಗ್ಗೆ ಇಲ್ಲಿ ಕೇಳುವವರು ಯಾರು? ಜಗತ್ಪ್ರಸಿದ್ಧ ಆಟಗಳಿಗೆ ರಿಮಾಸ್ಟರ್ ಭಾಗ್ಯವಾದರೂ ಉಂಟು. ಭಾರತದ ಮನೆಗಳಿಗೆಂದು ಮಾಡಿದ ಆಟದಲ್ಲಿ ಟೋಕಿಯೊದ ಸೋನಿಗೆ ಲಾಭವಿಲ್ಲ. ಹೊಸ ಯಂತ್ರ ಹಳೆಯ ಡಿಸ್ಕನ್ನು ಓದದಿದ್ದರೆ ಮೊದಲು ಅಳಿಯುವವು ಇವೇ.

ಆನ್‌ಲೈನ್ ಸ್ಟ್ರೀಮಿಂಗ್, ಡಿಸ್ಕ್ ಡ್ರೈವೇ ಇಲ್ಲದ ಮಾದರಿಗಳು, ಭಾರತದ ಕಾಪಿರೈಟ್ ಕಾಯ್ದೆ, ಈ ಮೂರನ್ನೂ ಇನ್ನೊಮ್ಮೆ ಕರೆದರೆ ಹೇಳುತ್ತೇನೆ. ಡ್ರೈವ್ ಇಲ್ಲದ ಯಂತ್ರ ಕೊಳ್ಳುವ ಮುನ್ನ ಮನೆಯ ಕಪಾಟಿನಲ್ಲಿ ಡಿಸ್ಕುಗಳಿವೆಯೇ ನೋಡಿ, ಅಷ್ಟು ಸಾಕು.

ಮಾಸ್ತರರು ಏನಾದರು ಎಂದು ಅಲ್ಲಿ ಯಾರೋ ಕೇಳುತ್ತಿದ್ದಾರೆ. ನನ್ನ ಅಟ್ಟದ ಮೇಲೆ ಒಂದು ಪಿಎಸ್2 ಇತ್ತು. ಲೆನ್ಸ್ ಒರೆಸಿ ಕೊಟ್ಟೆ. ಆದರೆ ಅವರ 8 ಎಂಬಿ ಮೆಮೊರಿ ಕಾರ್ಡ್ ಹಳೆಯ ಯಂತ್ರದ ಜೊತೆಗೇ ಗುಜರಿಗೆ ಹೋಗಿತ್ತು, ಆಟದ ದಾಖಲೆಗಳೆಲ್ಲ ಅದರಲ್ಲಿದ್ದವು. ಹೊಸ ಯಂತ್ರವನ್ನು ಮೊಮ್ಮಗನಿಗೆ ವಾಪಸು ಕಳಿಸಿದರಂತೆ, ಮೇಲೆ ಒಂದು ಚೀಟಿ ಅಂಟಿಸಿ: ‘ಅನುತ್ತೀರ್ಣ’.

ಕೊನೆಯದಾಗಿ ಕೆಲಸದ ಮಾತು. ನಿಮ್ಮ ಗ್ರಂಥಾಲಯದಲ್ಲಿ ಒಂದು ಕಪಾಟು ಬಿಡಿಸಿಕೊಡಲು ಪ್ರಾಚಾರ್ಯರು ಊಟಕ್ಕೂ ಮುಂಚೆಯೇ ಒಪ್ಪಿದ್ದಾರೆ, ಊಟದ ನಂತರ ಮರೆಯದಂತೆ ನೋಡಿಕೊಳ್ಳಿ. ಊರಿನ ಮನೆಗಳಲ್ಲಿ ಬಿದ್ದಿರುವ ಡಿಸ್ಕ್, ಕಾರ್ಟ್ರಿಡ್ಜ್, ಮೆಮೊರಿ ಕಾರ್ಡುಗಳನ್ನು ಅಲ್ಲಿಗೆ ತಂದುಕೊಡಿ, ನಡೆಯುವ ಒಂದು ಪಿಎಸ್2 ನಾನು ಕೊಡುತ್ತೇನೆ. ನಾಲ್ಕು ಗಂಟೆಯವರೆಗೆ ಎಲೆಕ್ಟ್ರಾನಿಕ್ಸ್ ಲ್ಯಾಬಿನಲ್ಲಿ ಇರುತ್ತೇನೆ, ನೋಡಬೇಕಾದದ್ದು ಇದ್ದರೆ ತನ್ನಿ. ಡಿಸ್ಕನ್ನು ಅಂಗಿಯ ತುದಿಯಿಂದ ಗುಂಡಗೆ ತಿರುಗಿಸಿ ಒರೆಸಿಕೊಂಡು ಬರಬೇಡಿ. ಮೆತ್ತನೆಯ ಬಟ್ಟೆಯಿಂದ ನಡುವಿನಿಂದ ಅಂಚಿನ ಕಡೆಗೆ ನೇರವಾಗಿ ಒರೆಸಬೇಕು.