ಕಷ್ಟ ಕಳೆದರೂ ಕಳೆಯದ ಒತ್ತಡ

ಕೇಳುಗರಿಗೆ ನಮಸ್ಕಾರ.

ಸಾಲ ತೀರಿದೆ, ಮನೆಯವರ ಕಾಯಿಲೆ ವಾಸಿಯಾಗಿದೆ, ಪರೀಕ್ಷೆ ಮುಗಿದು ತಿಂಗಳಾಗಿದೆ. ಆದರೂ ಫೋನ್ ಸದ್ದಾದರೆ ಎದೆ ಧಸಕ್ಕೆನ್ನುತ್ತದೆ, ನಡುರಾತ್ರಿ ಎಚ್ಚರವಾಗುತ್ತದೆ. "ಇನ್ನೂ ಏನು ಚಿಂತೆ ನಿನಗೆ?" ಎಂದು ಹತ್ತಿರದವರು ಕೇಳಿದಾಗ ಉತ್ತರ ಹೊಳೆಯುವುದಿಲ್ಲ. ಉತ್ತರ ಮೆದುಳಿನ ನರಕೋಶಗಳಲ್ಲಿದೆ.

ಅಪಾಯ ಕಂಡ ಕೂಡಲೇ ಮೆದುಳಿನ ಅಮಿಗ್ಡಲಾ ಎಂಬ ಭಾಗ ಎಚ್ಚರಿಕೆ ಕೊಡುತ್ತದೆ. ಕೆಲವೇ ಸೆಕೆಂಡುಗಳಲ್ಲಿ ಅಡ್ರಿನಲಿನ್ ಎಂಬ ಹಾರ್ಮೋನು ರಕ್ತಕ್ಕೆ ಇಳಿಯುತ್ತದೆ. ಎದೆಬಡಿತ, ರಕ್ತದೊತ್ತಡ, ರಕ್ತದ ಸಕ್ಕರೆ ಏರುತ್ತವೆ, ಜೀರ್ಣಕ್ರಿಯೆ ತಡವಾಗುತ್ತದೆ. ಎರಡನೆಯ ಹಾದಿ ನಿಧಾನದ್ದು. ಮೆದುಳಿನ ಹೈಪೊಥಲಾಮಸ್ ಎಂಬ ಭಾಗ ಅದರ ಕೆಳಗಿರುವ ಪಿಟ್ಯುಟರಿ ಗ್ರಂಥಿಗೆ ಹೇಳುತ್ತದೆ, ಪಿಟ್ಯುಟರಿ ಮೂತ್ರಪಿಂಡಗಳ ಮೇಲಿರುವ ಅಡ್ರಿನಲ್ ಗ್ರಂಥಿಗಳಿಗೆ ಹೇಳುತ್ತದೆ, ಅವು ಕಾರ್ಟಿಸಾಲ್ ಎಂಬ ಒತ್ತಡದ ಹಾರ್ಮೋನು ಸುರಿಸುತ್ತವೆ. ಸುಮಾರು 20ರಿಂದ 30 ನಿಮಿಷಕ್ಕೆ ಅದು ಗರಿಷ್ಠ ಮಟ್ಟ ಮುಟ್ಟಿ, ಮೆಲ್ಲಗೆ ಇಳಿಯುತ್ತದೆ. ಆರೋಗ್ಯವಂತರಿಗೆ ಈ ಏರಿಳಿತದಿಂದ ಸಾಮಾನ್ಯವಾಗಿ ಕೇಡಿಲ್ಲ.

ಇಳಿಸುವುದು ಯಾರು ಎಂಬುದು ಮುಖ್ಯ. ನೆನಪುಗಳನ್ನು ಕಟ್ಟುವ, ಹಿಪ್ಪೋಕ್ಯಾಂಪಸ್ ಎಂಬ ಮೆದುಳಿನ ಭಾಗ ಕಾರ್ಟಿಸಾಲನ್ನು ಗುರುತಿಸಿ, "ಸಾಕು" ಎಂದು ಹೈಪೊಥಲಾಮಸ್‌ಗೆ ಸಂಕೇತ ಕಳಿಸುತ್ತದೆ. ಒತ್ತಡ ತಿಂಗಳುಗಟ್ಟಲೆ ಉಳಿದರೆ ಹಿಪ್ಪೋಕ್ಯಾಂಪಸ್‌ನ ನರಕೋಶಗಳ ಕವಲುಗಳೇ ಕುಗ್ಗತೊಡಗುತ್ತವೆ. ತಡೆಯುವ ಭಾಗವೇ ಸೊರಗಿದ ಮೇಲೆ, ತೊಟ್ಟಿ ತುಂಬಿದರೂ ನಿಲ್ಲದ ನಲ್ಲಿಯಂತೆ ಕಾರ್ಟಿಸಾಲ್ ಹರಿಯುತ್ತದೆ. ನಿನ್ನೆ ಆಡಿದ ಮಾತು ಇಂದು ಮರೆಯುವುದಕ್ಕೂ ಇದೇ ಒಂದು ಕಾರಣ.

ನರವಿಜ್ಞಾನಿ ಸುಮಂತ್ರ ಚಟರ್ಜಿ ಅವರ ತಂಡ 2002ರಲ್ಲಿ ಪ್ರಕಟಿಸಿದ ಪ್ರಯೋಗವನ್ನು ಇಲ್ಲಿ ಹೇಳಲೇಬೇಕು. ಇಲಿಗಳನ್ನು ದಿನಕ್ಕೆ 2 ಗಂಟೆಯಂತೆ 10 ದಿನ ಅಲುಗಾಡದಂತೆ ಇರಿಸಿದಾಗ, ಹಿಪ್ಪೋಕ್ಯಾಂಪಸ್‌ನಲ್ಲಿ ಕವಲುಗಳು ಕುಗ್ಗಿದವು. ಭಯದ ಕೇಂದ್ರವಾದ ಅಮಿಗ್ಡಲಾದಲ್ಲಿ ಬೆಳೆದವು. ಮುಂದೆ 2004ರಲ್ಲಿ ಅದೇ ತಂಡ, ಒತ್ತಡ ನಿಂತು 21 ದಿನಗಳಾದ ಮೇಲೆ ನೋಡಿತು. ಹಿಪ್ಪೋಕ್ಯಾಂಪಸ್ ಚೇತರಿಸಿಕೊಂಡಿತ್ತು. ಅಮಿಗ್ಡಲಾದ ಬೆಳವಣಿಗೆ ಹಾಗೆಯೇ ಇತ್ತು, ಇಲಿಗಳ ಆತಂಕವೂ ಇಳಿದಿರಲಿಲ್ಲ. ಇಲಿಯ ಮೆದುಳನ್ನು ಮನುಷ್ಯರದಕ್ಕೆ ನೇರವಾಗಿ ಹೊಂದಿಸಲಾಗದು, ನಿಜ. ಆದರೆ ಕಷ್ಟ ಮುಗಿದ ಮೇಲೂ ಬೆಚ್ಚಿಬೀಳುವವರನ್ನು ಹೇಡಿಗಳೆಂದು ಜರೆಯುವ ಮುನ್ನ ಇದನ್ನು ನೆನೆಯಬೇಕು.

ದೇಹದ ಮಾತಿಗೆ ಬಂದರೆ, ಮೇಲಿಂದ ಮೇಲೆ ಏರುವ ರಕ್ತದೊತ್ತಡ ರಕ್ತನಾಳಗಳ ಒಳಪದರವನ್ನು ಸವೆಸುತ್ತದೆ. ಹೊಟ್ಟೆಯ ಸುತ್ತ ಕೊಬ್ಬು ಸೇರುತ್ತದೆ, ಇನ್ಸುಲಿನ್ ಪ್ರಭಾವ ತಗ್ಗುತ್ತದೆ, ಮುಟ್ಟು ಏರುಪೇರಾಗಬಹುದು. ಕಾರ್ಟಿಸಾಲ್‌ಗೆ ಉರಿಯೂತ ತಗ್ಗಿಸುವ ಗುಣವಿದೆ. ಆದರೆ ಅದು ಸದಾ ಹೆಚ್ಚಿದ್ದರೆ ರೋಗನಿರೋಧಕ ಕೋಶಗಳು ಅದಕ್ಕೆ ಕಿವಿಗೊಡುವುದನ್ನೇ ಬಿಡುತ್ತವೆ, ಉರಿಯೂತ ಉಳಿದುಬಿಡುತ್ತದೆ. ಮರೆಗುಳಿ ಕಾಯಿಲೆಯವರನ್ನು ನೋಡಿಕೊಳ್ಳುತ್ತಿದ್ದ 13 ಮಹಿಳೆಯರ ತೋಳಿನ ಮೇಲೆ 3.5 ಮಿಲಿಮೀಟರ್‌ನ ಪುಟ್ಟ ಗಾಯ ಮಾಡಿ ಗಮನಿಸಿದ ಅಧ್ಯಯನವೊಂದು 1995ರಲ್ಲಿ ಪ್ರಕಟವಾಯಿತು. ಅದೇ ವಯಸ್ಸಿನ ಇತರ ಮಹಿಳೆಯರಿಗಿಂತ ಅವರ ಗಾಯ ಮಾಯಲು ಸರಾಸರಿ 9 ದಿನ ಹೆಚ್ಚು ಬೇಕಾಯಿತು.

ಹಾಗಾದರೆ ಏನು ಮಾಡಬೇಕು? ಮೊದಲು ಉಸಿರು. 4 ಸೆಕೆಂಡು ಮೂಗಿನಿಂದ ಎಳೆದು, 6 ಸೆಕೆಂಡು ಹೊರಬಿಡಿ. 5 ನಿಮಿಷ ಸಾಕು. ಉಸಿರು ಬಿಡುವಾಗ, ಮೆದುಳಿನಿಂದ ಹೃದಯಕ್ಕೆ ಇಳಿಯುವ ವೇಗಸ್ ನರ ಎದೆಬಡಿತವನ್ನು ನಿಧಾನಿಸುತ್ತದೆ, ಅದಕ್ಕೇ ಬಿಡುವ ಹೊತ್ತು ಉದ್ದವಿರಬೇಕು. ಹಲವರು ತಪ್ಪುವುದು ಇಲ್ಲಿ: ಎದೆ ಬಿರಿಯುವಂತೆ ದೊಡ್ಡ ಉಸಿರೆಳೆದು ಬೇಗಬೇಗ ಬಿಡುತ್ತಾರೆ. ರಕ್ತದ ಇಂಗಾಲದ ಡೈಆಕ್ಸೈಡ್ ಇಳಿದು ತಲೆ ಸುತ್ತುತ್ತದೆ, ಬೆರಳು ಜುಮ್ಮೆನ್ನುತ್ತದೆ, ಗಾಬರಿ ಇನ್ನೂ ಏರುತ್ತದೆ. ಉಸಿರು ಸಣ್ಣದಾಗಿ, ನಿಧಾನವಾಗಿ ಇರಲಿ.

ಏಳುವ ಸಮಯವನ್ನು ರಜಾದಿನವೂ ಬದಲಿಸಬೇಡಿ. ಎದ್ದ 30ರಿಂದ 45 ನಿಮಿಷದಲ್ಲಿ ಏರಿ, ನಡುರಾತ್ರಿ ಹೊತ್ತಿಗೆ ತಳ ಮುಟ್ಟುವ ಕಾರ್ಟಿಸಾಲ್‌ನ ದಿನಚರಿ ಅದರಿಂದ ಸರಿಹೋಗಲು ನೆರವಾಗುತ್ತದೆ. ಕುಡಿದ ಕಾಫಿಯ ಕೆಫೀನ್‌ನಲ್ಲಿ ಅರ್ಧದಷ್ಟು ಸುಮಾರು 5 ತಾಸು ಕಳೆದ ಮೇಲೂ ದೇಹದಲ್ಲಿರುತ್ತದೆ; ಮಧ್ಯಾಹ್ನದ ನಂತರ ಬೇಡ. ವಾರಕ್ಕೆ 150 ನಿಮಿಷ ಬಿರುಸಿನ ನಡಿಗೆ ಇರಲಿ.

ಆದರೂ ಒಂದು ಮಾತು. ಹಗಲಿರುಳು ರೋಗಿಯನ್ನು ನೋಡಿಕೊಳ್ಳುವ ಹೆಣ್ಣುಮಗಳಿಗೆ ಉಸಿರಾಟದ ಪಾಠ ಹೇಳಿ ಕೈತೊಳೆದುಕೊಳ್ಳುವುದು ಅನ್ಯಾಯ. ವಾರಕ್ಕೆ ಎರಡು ಸಲವಾದರೂ ಅರ್ಧ ದಿನ ಆ ಕೆಲಸವನ್ನು ಬೇರೆ ಯಾರಾದರೂ ಹೊತ್ತುಕೊಳ್ಳಬೇಕು. ಹೊರೆಯೇ ಇಳಿಯದಿದ್ದರೆ ಉಳಿದ ಉಪಾಯಗಳಿಂದ ಬರುವುದು ಸ್ವಲ್ಪವೇ.

ಬೇರೆ ಬೇರೆ ದಿನ ಅಳೆದಾಗಲೂ ರಕ್ತದೊತ್ತಡ 140/90 ಅಥವಾ ಹೆಚ್ಚಿದ್ದರೆ, ಎರಡು ವಾರ ಬಿಡದೆ ಮನಸ್ಸು ಕುಗ್ಗಿದ್ದರೆ ವೈದ್ಯರನ್ನು ಕಾಣಿ. ಸಾಯುವ ಯೋಚನೆ ಬಂದರೆ ಆ ದಿನವೇ ಹೋಗಿ, ಒಬ್ಬರೇ ಇರಬೇಡಿ. ಎದೆ ಹಿಂಡಿದಂತಾಗಿ ನೋವು ತೋಳಿಗೋ ದವಡೆಗೋ ಹರಿದರೆ, "ಇದು ಬರೀ ಟೆನ್ಷನ್" ಎಂದು ಕಾಯದೆ ತಕ್ಷಣ ಆಸ್ಪತ್ರೆ ಸೇರಿ. ನಮಸ್ಕಾರ.